ಪ್ರೀಮಿಯಂ ರೇಟ್ ಫೋನ್ ನಂಬರ್ ಎಲ್ಲ ದೇಶಗಳಲ್ಲೂ ಒಂದೇ ಥರ ಇರುತ್ತಾ?

ಇಲ್ಲ. ಇಂಥ ನಂಬರಿಗೆ ಕರೆ ಮಾಡಿದರೆ ಮಾಮೂಲಿಗಿಂತ ಜಾಸ್ತಿ ದುಡ್ಡು ಹೋಗುತ್ತದೆ. ಅದರಲ್ಲೊಂದು ಪಾಲು ಆ ನಂಬರಿನಲ್ಲಿ ಸೇವೆ ಕೊಡುವವರಿಗೆ ಸೇರುತ್ತದೆ. ಇಷ್ಟು ಎಲ್ಲೆಡೆ ಒಂದೇ, ಆದರೆ ನಂಬರಿನ ಶುರುವಿನಲ್ಲಿ ಬರುವ ಗುರುತಿನ ಅಂಕಿಗಳು ಬೇರೆ ಬೇರೆ. ಅಮೆರಿಕದಲ್ಲಿ 900, ಬ್ರಿಟನ್ನಿನಲ್ಲಿ 09, ಜರ್ಮನಿಯಲ್ಲಿ 0900, ಆಸ್ಟ್ರೇಲಿಯಾದಲ್ಲಿ 190.

ನಿಯಮಗಳೂ ಬೇರೆ. ನನಗೆ ತುಂಬಾ ಹಿಡಿಸಿದ್ದು ಜರ್ಮನಿಯದು. ಅಲ್ಲಿ ಮೊದಲೇ ದರ ಹೇಳಬೇಕು, ಒಂದು ಗಂಟೆಯಾದರೆ ಕರೆ ತಾನಾಗಿಯೇ ಕಟ್ ಆಗಬೇಕು. ಮಾತಿನಲ್ಲಿ ಮೈಮರೆತವರಿಗೆ ಅದೆಷ್ಟು ರಕ್ಷಣೆ ಅಲ್ವಾ? ಬ್ರಿಟನ್ನಿನಲ್ಲಿ 2015ರಿಂದ ಫೋನ್ ಕಂಪನಿಯ ಶುಲ್ಕ, ಸೇವೆಯ ಶುಲ್ಕ ಎರಡನ್ನೂ ಬೇರೆಬೇರೆಯಾಗಿ ಹೇಳುತ್ತಾರೆ.

ಗೊತ್ತಿಲ್ಲದ ವಿದೇಶಿ ನಂಬರಿನಿಂದ ಮಿಸ್ಡ್ ಕಾಲ್ ಬಂದರೆ ಸುಮ್ನೆ ವಾಪಸ್ ಕರೆ ಮಾಡಬೇಡಿ, ಅದೂ ದುಬಾರಿ ಕರೆಯಾಗಬಹುದು. ಉದಾಹರಣೆಗೆ, ಜಮೈಕಾದ ಕೋಡ್ 876 ನೋಡೋಕೆ ಅಮೆರಿಕದ ಏರಿಯಾ ಕೋಡ್ ಥರಾನೇ ಇರುತ್ತದೆ. ಅಮೆರಿಕದಿಂದ ಮಾಡಿದರೂ ಅದಕ್ಕೆ ಬೀಳುವುದು ಅಂತರರಾಷ್ಟ್ರೀಯ ದರ.