ನಂಬಿದರೆ ಸಾಕೇ, ಮಾಡಲೂ ಬೇಕೇ? – ಓದುಗರ ಪ್ರಶ್ನೆ, ನಮ್ಮ ಉತ್ತರ

ಈ ಸಲ ಬಂದ ಪತ್ರಗಳಲ್ಲಿ ಹೆಚ್ಚಿನವು ಕ್ರೈಸ್ತ ಧರ್ಮದಲ್ಲಿ ನಂಬಿಕೆಗೂ ಸತ್ಕ್ರಿಯೆಗೂ ಇರುವ ಸಂಬಂಧದ ಬಗ್ಗೆಯೇ ಇದ್ದವು. ಉತ್ತರಗಳಲ್ಲಿ ಅಧ್ಯಾಯ, ವಚನಗಳ ಸಂಖ್ಯೆ ಕೊಟ್ಟಿದ್ದೇವೆ. ಸತ್ಯವೇದ (ಬೈಬಲ್) ಕೈಯಲ್ಲಿದ್ದರೆ ಓದು ಸುಲಭವಾಗುತ್ತದೆ.

ಪ್ರಶ್ನೆ: ಮನುಷ್ಯನು ದೇವರ ಮುಂದೆ ನೀತಿವಂತನೆನಿಸುವುದು ನಂಬಿಕೆಯಿಂದ, ಧರ್ಮಶಾಸ್ತ್ರದ ಕ್ರಿಯೆಗಳಿಂದಲ್ಲ ಎಂದು ಪೌಲ ಹೇಳುತ್ತಾನೆ (ರೋಮಾ 3:28). ಬರೀ ನಂಬಿಕೆಯಿಂದಲ್ಲ, ಕ್ರಿಯೆಗಳಿಂದ ಎಂದು ಯಾಕೋಬ ಹೇಳುತ್ತಾನೆ (2:24). ಇಬ್ಬರೂ ತೋರಿಸುವುದು ಅಬ್ರಹಾಮನನ್ನೇ. ಯಾರ ಮಾತು ಸರಿ? – ಹುಬ್ಬಳ್ಳಿಯ ಓದುಗರು

ಉತ್ತರ: ಎರಡು ವಚನಗಳನ್ನು ಕಿತ್ತು ಎದುರುಬದುರು ನಿಲ್ಲಿಸಿದರೆ ಜಗಳ ಕಾಣದೆ ಇರದು. ಆದ್ದರಿಂದ ಮೊದಲು ಆದಿಸಭೆಯ ಬೋಧಕರಾದ ಪೌಲ, ಯಾಕೋಬ ಇಬ್ಬರೂ ಬರೆದ ಪತ್ರಿಕೆಗಳನ್ನು (ಪತ್ರಗಳನ್ನು) ಬದಿಗಿಟ್ಟು ಬೈಬಲಿನ ಮೊದಲ ಪುಸ್ತಕವಾದ ಆದಿಕಾಂಡ ತೆರೆಯಿರಿ, ಅಬ್ರಹಾಮನ ವಯಸ್ಸನ್ನು ಒಂದು ಹಾಳೆಯಲ್ಲಿ ಬರೆದುಕೊಳ್ಳುತ್ತಾ ಹೋಗಿ. ಊರು ಬಿಟ್ಟು ಹೊರಟಾಗ ಅವನಿಗೆ 75 (12:4). ಇಷ್ಮಾಯೇಲ ಹುಟ್ಟಿದಾಗ 86 (16:16). ಸುನ್ನತಿಯಾದಾಗ 99 (17:24). ಇಸಾಕ ಹುಟ್ಟಿದಾಗ 100 (21:5). ಅವನು ದೇವರನ್ನು ನಂಬಿದ, ಆ ನಂಬಿಕೆ ನೀತಿಯೆಂದು ಎಣಿಸಲ್ಪಟ್ಟಿತು ಎಂಬ ವಾಕ್ಯ ಬರುವುದು 15:6ರಲ್ಲಿ, ಅಂದರೆ ಇಷ್ಮಾಯೇಲ ಹುಟ್ಟುವುದಕ್ಕೂ ಮುಂಚೆ. ಸುನ್ನತಿಗೆ ಆಗಿನ್ನೂ ಕಡಿಮೆಯೆಂದರೂ 13 ವರ್ಷ ಇತ್ತು. ಪೌಲನ ವಾದ ನಿಂತಿರುವುದು ಈ ಲೆಕ್ಕದ ಮೇಲೆಯೇ (ರೋಮಾ 4:10): ದೇವರು ಅವನನ್ನು ಒಪ್ಪಿಕೊಂಡದ್ದು ಸುನ್ನತಿಗೆ ಮುಂಚೆ ತಾನೆ? ಹಾಗಿದ್ದ ಮೇಲೆ ಯೆಹೂದ್ಯರಲ್ಲದವರಿಗೆ ಸುನ್ನತಿಯ ಷರತ್ತು ಯಾಕೆ?

ಯಾಕೋಬ ಹಿಡಿಯುವ ಘಟನೆ 22ನೇ ಅಧ್ಯಾಯದ್ದು, ದೇವರು ಕೇಳಿದನೆಂದು ಮಗ ಇಸಾಕನನ್ನು ಬಲಿಪೀಠದ ಮೇಲೆ ಮಲಗಿಸಿದ್ದು. ಅಷ್ಟರಲ್ಲಿ ಹುಡುಗ ಸೌದೆ ಹೊರುವಷ್ಟು ಬೆಳೆದಿದ್ದಾನೆ. 15:6ರಿಂದ ದಶಕಗಳೇ ಕಳೆದಿವೆ. ಯಾಕೋಬ 15:6ನ್ನು ಮರೆತಿಲ್ಲ. ಆ ಮಾತು ಈ ಕ್ರಿಯೆಯಲ್ಲಿ ನೆರವೇರಿತು ಎನ್ನುತ್ತಾನೆ (2:23). ಒಬ್ಬ ಆರಂಭವನ್ನು ತೋರಿಸುತ್ತಾನೆ, ಇನ್ನೊಬ್ಬ ಆ ಆರಂಭ ನಿಜವಾದದ್ದೆಂದು ಎಲ್ಲಿ ಗೊತ್ತಾಯಿತು ಎಂಬುದನ್ನು.

ಇನ್ನು ಯಾರು ಯಾರ ಜೊತೆ ವಾದಿಸುತ್ತಿದ್ದಾರೆ ನೋಡಿ. ಕ್ರಿ.ಶ. 49ರ ಸುಮಾರಿಗೆ ಯೆರೂಸಲೇಮಿನಲ್ಲಿ ನಡೆದ ಸಭೆಯ ಮುಂದಿದ್ದ ಪ್ರಶ್ನೆ, ಅನ್ಯಜನರು ಸುನ್ನತಿ ಮಾಡಿಸಿಕೊಳ್ಳದೆ ರಕ್ಷಣೆ ಹೊಂದಬಹುದೇ ಎಂಬುದು (ಅಪೊಸ್ತಲರ ಕೃತ್ಯಗಳು 15). ಪೌಲನ ಎದುರಾಳಿಗಳು ಇಂಥ ಷರತ್ತು ಹಾಕುವವರು. ಹಾಗೆಂದು ಅವನು ಬೇಡವೆಂದದ್ದು ಸುನ್ನತಿ, ಊಟದ ನಿಯಮಗಳನ್ನು ಮಾತ್ರ ಎಂಬ ವ್ಯಾಖ್ಯಾನ ನಮಗೆ ಪೂರ್ತಿ ಒಪ್ಪಿಗೆಯಾಗದು. ರೋಮಾ 4:4-5ರಲ್ಲಿ ಅವನು ಕೂಲಿ ಬೇರೆ, ಕೊಡುಗೆ ಬೇರೆ ಎಂದು ಇನ್ನೂ ದೊಡ್ಡ ಗೆರೆಯನ್ನೇ ಎಳೆಯುತ್ತಾನೆ. ಯಾಕೋಬನ ಎದುರಾಳಿಯಾದರೋ ಬಾಯಿಮಾತಿನ ಭಕ್ತ: ಉಡಲು ಬಟ್ಟೆಯಿಲ್ಲದ, ಹೊಟ್ಟೆಗಿಲ್ಲದ ಸಹೋದರನಿಗೆ ಬೆಚ್ಚಗಿರು, ಹೊಟ್ಟೆ ತುಂಬಿಸಿಕೋ ಎಂದು ಹರಸಿ ಬರಿಗೈಯಲ್ಲಿ ಕಳಿಸುವವನು (2:15-16).

ಸುಧಾರಣಾ ಕಾಲದ (16ನೇ ಶತಮಾನದಲ್ಲಿ ಪ್ರೊಟೆಸ್ಟೆಂಟ್ ಸಭೆಗಳು ಹುಟ್ಟಿದ ಕಾಲದ) ದೇವಶಾಸ್ತ್ರಜ್ಞರು ನಂಬಿಕೆಯನ್ನು ಮೂರು ಭಾಗ ಮಾಡಿದರು: ತಿಳಿವಳಿಕೆ, ಒಪ್ಪಿಗೆ, ಭರವಸೆ. ದೇವರು ಒಬ್ಬನೇ ಎಂದು ದೆವ್ವಗಳೂ ನಂಬಿ ನಡುಗುತ್ತವೆ ಎಂದು ಯಾಕೋಬ ಹೇಳುವಾಗ (2:19), ಅವುಗಳಲ್ಲಿ ಮೊದಲ ಎರಡು ಇವೆ, ಮೂರನೆಯದಿಲ್ಲ. ಅವನು ಸತ್ತದ್ದೆಂದು ಕರೆಯುವುದು ಈ ಅರೆನಂಬಿಕೆಯನ್ನು. ಪೌಲನು ಪ್ರೀತಿಯ ಮೂಲಕ ಕೆಲಸ ಮಾಡುವ ನಂಬಿಕೆ ಎನ್ನುವಾಗ (ಗಲಾತ್ಯ 5:6) ಮೂರೂ ಸೇರಿವೆ.

ಲೂಥರ್‌ಗೇ ಇದು ಸಲೀಸಾಗಿ ದಕ್ಕಲಿಲ್ಲ. ಸುಧಾರಣೆಯನ್ನು ಆರಂಭಿಸಿದ ಅವರು, ತಾವು ಅನುವಾದಿಸಿದ 1522ರ ಹೊಸ ಒಡಂಬಡಿಕೆಯ ಮುನ್ನುಡಿಯಲ್ಲಿ ಯಾಕೋಬನದನ್ನು ಹುಲ್ಲಿನ ಪತ್ರಿಕೆ ಎಂದು ಜರೆದು, ಪುಸ್ತಕದ ಕೊನೆಗೆ ತಳ್ಳಿದರು. ಆ ಮಾತನ್ನು ಮುಂದಿನ ಮುದ್ರಣಗಳಲ್ಲಿ ಕೈಬಿಡಲಾಯಿತು. ಅದೇ ಲೂಥರ್ ರೋಮಾ ಪತ್ರಿಕೆಗೆ ಬರೆದ ಮುನ್ನುಡಿಯಲ್ಲಿ, ಜೀವಂತ ನಂಬಿಕೆ ಒಳ್ಳೆಯದನ್ನು ಮಾಡದೆ ಸುಮ್ಮನಿರಲಾರದು ಎನ್ನುತ್ತಾರೆ. ಯಾಕೋಬ ಇದಕ್ಕಿಂತ ಹೆಚ್ಚೇನು ಕೇಳಿದ?

ಬೋಧನೆಯಲ್ಲಿ ಪದೇ ಪದೇ ಆಗುವ ತಪ್ಪು ಎಫೆಸ 2:8-9ನ್ನು ಬಾಯಿಪಾಠ ಮಾಡಿಸಿ 10ನೇ ವಚನ ಬಿಟ್ಟುಬಿಡುವುದು. ರಕ್ಷಣೆ ಕೃಪೆಯಿಂದ, ಕ್ರಿಯೆಗಳಿಂದಲ್ಲ ಎಂದ ಮರುಕ್ಷಣವೇ ಸತ್ಕ್ರಿಯೆಗಳಿಗಾಗಿಯೇ ನಾವು ಸೃಷ್ಟಿಯಾದೆವು ಎಂದು ಪೌಲ ಬರೆಯುತ್ತಾನೆ. ಮೂರು ವಚನಗಳನ್ನೂ ಒಟ್ಟಿಗೆ ಕಲಿಸಬೇಕು.

ಪ್ರಶ್ನೆ: ನಮ್ಮದು ಸಿ.ಎಸ್.ಐ. (ದಕ್ಷಿಣ ಭಾರತ ಸಭೆ, ಪ್ರೊಟೆಸ್ಟೆಂಟ್) ಮನೆತನ, ಸೊಸೆ ಕ್ಯಾಥೊಲಿಕ್. ‘ಅವರದು ಪುಣ್ಯ ಸಂಪಾದಿಸಿ ಮೋಕ್ಷಕ್ಕೆ ಹೋಗುವ ಮತ’ ಎಂದು ನಮ್ಮ ಕಡೆಯವರು ಆಡುತ್ತಾರೆ. ನಿಜವೇ? – ಧಾರವಾಡ

ಉತ್ತರ: ನಿಜವಲ್ಲ. ಕ್ಯಾಥೊಲಿಕ್ ಧರ್ಮಸಭೆಯ ಅಧಿಕೃತ ಬೋಧನೆ 1547ರ ಜನವರಿ 13ರಂದು ಟ್ರೆಂಟ್ ಮಹಾಸಭೆ (ಕ್ಯಾಥೊಲಿಕ್ ಬಿಷಪರ ಸಭೆ) ಹೊರಡಿಸಿದ ತೀರ್ಪಿನಲ್ಲಿದೆ: 16 ಅಧ್ಯಾಯ, 33 ಖಂಡನಾವಿಧಿ. ಮೊದಲನೆಯ ವಿಧಿಯೇ, ಕ್ರಿಸ್ತನ ಕೃಪೆಯಿಲ್ಲದೆ ಸ್ವಂತ ಕ್ರಿಯೆಗಳಿಂದ ಮನುಷ್ಯ ನೀತಿವಂತನಾಗಬಲ್ಲ ಎನ್ನುವವರನ್ನು ಖಂಡಿಸುತ್ತದೆ. ಆ ಕೃಪೆಯನ್ನು ಮೊದಲು ಗಳಿಸಿಕೊಡುವ ಶಕ್ತಿ ನಂಬಿಕೆಗೂ ಇಲ್ಲ, ಕ್ರಿಯೆಗಳಿಗೂ ಇಲ್ಲ ಎಂದು 8ನೇ ಅಧ್ಯಾಯ ಹೇಳುತ್ತದೆ.

ವ್ಯತ್ಯಾಸ ಇರುವುದು ಅದರ ಮುಂದಿನ ಹೆಜ್ಜೆಯಲ್ಲಿ. ಲೂಥರ್ ಮತ್ತು ಇನ್ನೊಬ್ಬ ಸುಧಾರಕ ಕ್ಯಾಲ್ವಿನ್ ಪರಂಪರೆಯಲ್ಲಿ ದೇವರು ಪಾಪಿಯನ್ನು ಕ್ರಿಸ್ತನ ನಿಮಿತ್ತ ನೀತಿವಂತನೆಂದು ಘೋಷಿಸುತ್ತಾನೆ. ಬದುಕು ಬದಲಾಗಲೇಬೇಕು, ಆದರೆ ಆ ಬದಲಾವಣೆ ಘೋಷಣೆಯ ಫಲವೇ ಹೊರತು ಘೋಷಣೆಗೆ ಆಧಾರವಲ್ಲ. ಟ್ರೆಂಟ್ ಪ್ರಕಾರ ಘೋಷಣೆ ಮತ್ತು ಒಳಗಿನ ನವೀಕರಣ ಒಂದೇ ವಿಷಯ. ಸಿಕ್ಕ ನೀತಿ ಕೃಪೆಯಲ್ಲಿ ಮಾಡಿದ ಸತ್ಕ್ರಿಯೆಗಳಿಂದ ಬೆಳೆಯುತ್ತದೆ. ಸತ್ಕ್ರಿಯೆ ಬರೀ ಫಲ, ಗುರುತು ಅಷ್ಟೆ ಎನ್ನುವುದನ್ನು 24ನೇ ವಿಧಿ ನಿರಾಕರಿಸುತ್ತದೆ. ಜಗಳ ಇದ್ದದ್ದು ಇಲ್ಲಿ. ಅದೇನೂ ಸಣ್ಣದಲ್ಲ, ಆದರೆ ನಿಮ್ಮ ಕಡೆಯವರು ಆಡುವ ಜಗಳ ಅದಲ್ಲ.

1999ರ ಅಕ್ಟೋಬರ್ 31ರಂದು ಜರ್ಮನಿಯ ಆಗ್ಸ್‌ಬರ್ಗ್‌ನಲ್ಲಿ ಕ್ಯಾಥೊಲಿಕ್ ಧರ್ಮಸಭೆ ಮತ್ತು ಲೂಥರನ್ ಜಾಗತಿಕ ಒಕ್ಕೂಟ ಒಂದು ಜಂಟಿ ಘೋಷಣೆಗೆ ಸಹಿ ಹಾಕಿದವು. ನಮ್ಮ ಅರ್ಹತೆಯಿಂದಲ್ಲ, ಕೃಪೆಯಿಂದಲೇ ದೇವರು ನಮ್ಮನ್ನು ಸ್ವೀಕರಿಸುತ್ತಾನೆ. ಪವಿತ್ರಾತ್ಮನು ಹೃದಯವನ್ನು ಹೊಸದು ಮಾಡಿ ಸತ್ಕ್ರಿಯೆಗೆ ಕರೆಯುತ್ತಾನೆ ಎಂಬುದು ಅದರ 15ನೇ ಪರಿಚ್ಛೇದದ ಸಾರ. 2006ರಲ್ಲಿ ಮೆಥೊಡಿಸ್ಟರು, 2017ರಲ್ಲಿ ಸುಧಾರಿತ (ಕ್ಯಾಲ್ವಿನ್ ಪರಂಪರೆಯ) ಸಭೆಗಳ ಜಾಗತಿಕ ಒಕ್ಕೂಟ ಅದಕ್ಕೆ ಸೇರಿದವು. ಸಿ.ಎಸ್.ಐ. ಆ ಸುಧಾರಿತ ಒಕ್ಕೂಟದ ಸದಸ್ಯಸಭೆ. ಹಾಗಾಗಿ ಅತ್ತೆ-ಸೊಸೆ ಇಬ್ಬರ ಸಭೆಗಳೂ ಈ ಒಪ್ಪಂದದ ಒಳಗೇ ಇವೆ. ಎಲ್ಲ ಲೂಥರನ್ನರೂ ಒಪ್ಪಿಲ್ಲ ಎಂಬುದನ್ನೂ ಹೇಳಬೇಕು. ಅಮೆರಿಕದ ಮಿಸ್ಸೌರಿ ಸಿನೊಡ್ ಎಂಬ ಲೂಥರನ್ ಸಭೆ ಹೊರಗೇ ಉಳಿದಿದೆ.

ಪ್ರಶ್ನೆ: ಶಿಲುಬೆಯ ಮೇಲಿದ್ದ ಕಳ್ಳನಿಗೆ ಕೊನೇ ಗಳಿಗೆಯಲ್ಲಿ ಪರದೈಸು (ಸ್ವರ್ಗ) ಸಿಕ್ಕಿತು. ಹಾಗಾದರೆ ಜೀವನಪೂರ್ತಿ ಒಳ್ಳೆಯವನಾಗಿರುವುದು ಯಾಕೆ? – ಶಿವಮೊಗ್ಗ

ಉತ್ತರ: ಅವನಿಗೆ ಉಳಿದಿದ್ದ ಕೆಲವೇ ಗಂಟೆಗಳಲ್ಲಿ ಅವನು ಏನು ಮಾಡಿದನೆಂದು ಲೂಕ 23:40-42ರಲ್ಲಿ ನೋಡಿ. ಜೊತೆಗಾರನನ್ನು ಗದರಿಸಿದ, ತನ್ನ ಶಿಕ್ಷೆ ನ್ಯಾಯವೆಂದು ಒಪ್ಪಿದ, ಯೇಸು ನಿರಪರಾಧಿ ಎಂದು ಎಲ್ಲರೂ ಗೇಲಿ ಮಾಡುತ್ತಿದ್ದಾಗ ಹೇಳಿದ, ಕೈಮೀರಿದ್ದನ್ನು ಬೇಡಿಕೊಂಡ. ಮೊಳೆ ಹೊಡೆದ ಕೈಗಳಿಂದ ಇದಕ್ಕಿಂತ ಹೆಚ್ಚು ಮಾಡಲು ಸಾಧ್ಯವಿರಲಿಲ್ಲ. ಕೊನೇ ಗಳಿಗೆಯನ್ನೇ ಯೋಜನೆ ಮಾಡಿಕೊಳ್ಳುವವರು ಅವನ ಪಕ್ಕದಲ್ಲಿದ್ದವನನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಲಿ. ಅವನಿಗೂ ಅಷ್ಟೇ ಸಮಯವಿತ್ತು.

ಪ್ರಶ್ನೆ: ಪಾಪನಿವೇದನೆಯಲ್ಲಿ ಗುರುಗಳು ‘ಮೂರು ನಮೋ ಮರಿಯಾ (ಮರಿಯಮ್ಮನಿಗೆ ಸಲ್ಲಿಸುವ ಪ್ರಾರ್ಥನೆ) ಹೇಳು’ ಎಂದು ಪ್ರಾಯಶ್ಚಿತ್ತ ಕೊಡುತ್ತಾರೆ. ಇದು ಕ್ಷಮೆಗೆ ಕಟ್ಟುವ ಬೆಲೆಯಲ್ಲವೇ? – ಹಾಸನ

ಉತ್ತರ: ಸಂಸ್ಕಾರದ ಕ್ರಮವನ್ನು ಗಮನಿಸಿದರೆ ಸಂದೇಹ ಬಹುಪಾಲು ಕರಗುತ್ತದೆ. ಮೊದಲು ಪಶ್ಚಾತ್ತಾಪ, ಆಮೇಲೆ ನಿವೇದನೆ, ಗುರುಗಳ ಬುದ್ಧಿಮಾತು, ಪ್ರಾಯಶ್ಚಿತ್ತದ ಸೂಚನೆ, ದುಃಖದ ಪ್ರಾರ್ಥನೆ, ಕ್ಷಮಾಘೋಷಣೆ. ಪ್ರಾಯಶ್ಚಿತ್ತವನ್ನು ಸಾಮಾನ್ಯವಾಗಿ ಮಾಡುವುದು ಹೊರಬಂದ ಮೇಲೆ, ಕ್ಷಮೆ ಸಿಕ್ಕಾದ ಮೇಲೆ. ಮಾಡುವ ಮನಸ್ಸಿದ್ದೂ ಮರೆತರೆ ಕ್ಷಮೆ ರದ್ದಾಗುವುದಿಲ್ಲ, ನೆನಪಾದಾಗ ಮಾಡಬೇಕು. ಅದು ಗಾಯ ಮಾಗಿದ ಮೇಲೆ ಕೈಗೆ ಕೊಡುವ ವ್ಯಾಯಾಮದಂತೆ.

ಕೆಡುವುದು ಬೇರೆ ಕಡೆ. ಕದ್ದ ಹಣ ಇನ್ನೂ ಜೇಬಿನಲ್ಲಿದೆ, ಕೊಡುವ ಶಕ್ತಿಯಿದ್ದೂ ಹಿಂದಿರುಗಿಸುವ ಉದ್ದೇಶವಿಲ್ಲ ಎಂದಾದರೆ ಪಶ್ಚಾತ್ತಾಪವೇ ಇಲ್ಲ, ಮೂರಲ್ಲ ಮುನ್ನೂರು ನಮೋ ಮರಿಯಾ ಹೇಳಿದರೂ ಅಷ್ಟೆ. 1517ರಲ್ಲಿ ಲೂಥರ್ ಸಿಟ್ಟಾದ ದಂಡವಿಮೋಚನೆಯ (ಪಾಪದ ಶಿಕ್ಷೆ ಮನ್ನಾ ಮಾಡುವ) ಪತ್ರಗಳಲ್ಲೂ ರೋಗ ಇದೇ: ಹಣ ಕೊಟ್ಟವನು ಇನ್ನು ಪಶ್ಚಾತ್ತಾಪ ಪಡುವ ಅಗತ್ಯವೇ ಇಲ್ಲವೆಂದು ತಿಳಿದ. ಹಣಕ್ಕೆ ದಂಡವಿಮೋಚನೆ ಕೊಡುವುದನ್ನು ಪೋಪ್ 5ನೇ ಪಿಯುಸ್ 1567ರಲ್ಲಿ ರದ್ದುಮಾಡಿದರು.

ಪ್ರಶ್ನೆ: ಸಂಡೇ ಸ್ಕೂಲಿನಲ್ಲಿ 10-12 ವರ್ಷದ ಮಕ್ಕಳಿಗೆ ಇದನ್ನು ಹೇಗೆ ಕಲಿಸುವುದು? – ಬೆಂಗಳೂರು

ಉತ್ತರ: ಒಂದೇ ಕಥೆ ಸಾಕು, ಯೇಸುವನ್ನು ನೋಡಲು ಮರ ಹತ್ತಿದ ಸುಂಕದವ ಜಕ್ಕಾಯನದು (ಲೂಕ 19:1-10). ನಾಲ್ಕು ಚೀಟಿ ಮಾಡಿ: ಯೇಸು ಹೆಸರು ಹಿಡಿದು ಕರೆದದ್ದು, ಜಕ್ಕಾಯ ಇಳಿದು ಬಂದು ಸಂತೋಷದಿಂದ ಸೇರಿಸಿಕೊಂಡದ್ದು, ಜನ ಗೊಣಗಿದ್ದು, ಅರ್ಧ ಆಸ್ತಿ ಬಡವರಿಗೆ, ಮೋಸದ್ದಕ್ಕೆ ನಾಲ್ಕರಷ್ಟು ಎಂದದ್ದು. ಕಥೆ ಓದುವ ಮೊದಲೇ ಚೀಟಿಗಳನ್ನು ಕಲಸಿ, ಕ್ರಮವಾಗಿ ಜೋಡಿಸಲು ಹೇಳಿ. ಯಾವುದಾದರೂ ಗುಂಪು ಹಣ ಕೊಟ್ಟದ್ದನ್ನು ಮೊದಲಿಟ್ಟರೆ ಪಾಠ ಅಲ್ಲಿಂದಲೇ ಶುರುವಾಗಲಿ. ಆಮೇಲೆ ಅರಣ್ಯಕಾಂಡ 5:7 ಓದಿಸಿ: ತಪ್ಪೊಪ್ಪಿಕೊಂಡವನು ಮೂಲಕ್ಕೆ ಐದನೇ ಒಂದು ಭಾಗ ಸೇರಿಸಿ ಕೊಟ್ಟರೆ ಸಾಕಿತ್ತು. ನೂರು ರೂಪಾಯಿಗೆ ಅದು 120, ಜಕ್ಕಾಯನ ಲೆಕ್ಕದಲ್ಲಿ 400. ಯಾರೂ ಕೇಳದಿದ್ದರೂ ಅಷ್ಟು ಯಾಕೆ ಕೊಟ್ಟ ಎಂದು ಮಕ್ಕಳನ್ನೇ ಕೇಳಿ, ಉತ್ತರ ಬರುವವರೆಗೆ ಕಾಯಿರಿ.

ಒಂದು ಕೋರಿಕೆ. ಗೋಡೆಯ ಮೇಲಿನ ನಕ್ಷತ್ರದ ಪಟ್ಟಿ, ಒಳ್ಳೇ ಕೆಲಸಕ್ಕೊಂದು ಸ್ಟಿಕ್ಕರ್, ಹತ್ತಾದರೆ ಬಹುಮಾನ – ಇದನ್ನು ಈ ಪಾಠದ ತಿಂಗಳಾದರೂ ತೆಗೆದಿಡಿ. ಬಾಯಿ ಕೃಪೆ ಎನ್ನುತ್ತಿದ್ದರೆ ಗೋಡೆ ಕೂಲಿ ಎನ್ನುತ್ತಿರುತ್ತದೆ, ಮಕ್ಕಳು ನಂಬುವುದು ಗೋಡೆಯನ್ನು. 1563ರ ಹೈಡೆಲ್‌ಬರ್ಗ್ ಪ್ರಶ್ನೋತ್ತರಿಯನ್ನು ನೋಡಿ: 129 ಪ್ರಶ್ನೆ, ಮೂರು ಭಾಗ – ಮನುಷ್ಯನ ದುರವಸ್ಥೆ, ಬಿಡುಗಡೆ, ಕೃತಜ್ಞತೆ. ಹತ್ತು ಆಜ್ಞೆಗಳ ವಿವರಣೆ ಬರುವುದು ಮೂರನೇ ಭಾಗದಲ್ಲಿ, ಅಂದರೆ ಕೂಲಿಗಾಗಿ ಅಲ್ಲ, ಕೃತಜ್ಞತೆಯಾಗಿ.

ಪ್ರಶ್ನೆ: ಮಂಗಳೂರಿನಲ್ಲಿ ಮಿಷನರಿಗಳು ಕಾರ್ಖಾನೆ, ಆಸ್ಪತ್ರೆ ಕಟ್ಟಿದ್ದು ತಮ್ಮ ಮೋಕ್ಷಕ್ಕಾಗಿಯೇ? – ಪುತ್ತೂರು

ಉತ್ತರ: 1834ರಲ್ಲಿ ಬಂದ ಬಾಸೆಲ್ ಮಿಷನಿನವರು ಪ್ರೊಟೆಸ್ಟೆಂಟ್ ಪಯಟಿಸ್ಟರು (ಒಳಗಿನ ಭಕ್ತಿಗೆ ಒತ್ತು ಕೊಡುವವರು), ಕ್ರಿಯೆ ರಕ್ಷಣೆಯ ಫಲ ಎನ್ನುವವರು. ಅವರ ನೇಯ್ಗೆ ಶಾಲೆಗೂ 1865ರ ಜೆಪ್ಪು ಹೆಂಚಿನ ಕಾರ್ಖಾನೆಗೂ ಹತ್ತಿರದ ಕಾರಣ ತೀರಾ ಲೌಕಿಕ: ದೀಕ್ಷಾಸ್ನಾನ ಪಡೆದವರು ಜಾತಿಯ ಕಸುಬನ್ನೂ ಆಸರೆಯನ್ನೂ ಕಳೆದುಕೊಳ್ಳುತ್ತಿದ್ದರು, ಅವರಿಗೆ ದುಡಿಮೆ ಬೇಕಿತ್ತು. ಕಂಕನಾಡಿಯಲ್ಲಿ 1880ರಲ್ಲಿ ಔಷಧಿ ಹಂಚಲು ತೊಡಗಿದ ಫಾದರ್ ಮುಲ್ಲರ್ ಕ್ಯಾಥೊಲಿಕರ ಜೆಸ್ವಿಟ್ ಸಂಘದ ಗುರು, ಅಂದರೆ ಟ್ರೆಂಟ್ ಬೋಧನೆಯವರು. ‘ಮೋಕ್ಷ ಕೊಳ್ಳಲು’ ಎಂಬ ವಿವರಣೆ ಎರಡು ಕಡೆಯ ಬೋಧನೆಗೂ ಹೊಂದುವುದಿಲ್ಲ.

ಪ್ರಶ್ನೆ: ದೇವಾಲಯಕ್ಕೆ ಕೊಟ್ಟ ದಾನಕ್ಕೆ ರಸೀತಿ ಕೇಳುವುದು, ಕಲ್ಲಿನಲ್ಲಿ ಹೆಸರು ಕೆತ್ತಿಸುವುದು ತಪ್ಪೇ? – ಮೈಸೂರು

ಉತ್ತರ: ರಸೀತಿ ತಪ್ಪಲ್ಲ, ಕೇಳಲೇಬೇಕು. ಯೆರೂಸಲೇಮಿನ ಬಡವರಿಗಾಗಿ ಎತ್ತಿದ ಹಣವನ್ನು ಒಯ್ಯಲು ಸಭೆಗಳೇ ಆರಿಸಿದ ಒಬ್ಬನನ್ನು ಜೊತೆಗೆ ಕಳುಹಿಸುತ್ತಿದ್ದೇವೆ, ಯಾರೂ ನಮ್ಮ ಮೇಲೆ ತಪ್ಪು ಹೊರಿಸಬಾರದು ಎಂದು ಪೌಲನೇ ಬರೆಯುತ್ತಾನೆ (2 ಕೊರಿಂಥ 8:19-21). ಕಲ್ಲಿನ ವಿಷಯಕ್ಕೆ ಮತ್ತಾಯ 5:16 ಮತ್ತು 6:1-4ನ್ನು ಒಟ್ಟಿಗೆ ಓದಿ. ಜನ ಸತ್ಕ್ರಿಯೆ ನೋಡಿ ಪರಲೋಕದ ತಂದೆಯನ್ನು ಹೊಗಳಲಿ ಎಂದು ಮೊದಲನೆಯದು. ಜನ ನೋಡಲೆಂದೇ ಮಾಡಬೇಡಿ ಎಂದು ಎರಡನೆಯದು. ತೀರಿಕೊಂಡ ತಂದೆತಾಯಿಯ ನೆನಪಿಗೆ ಹೆಸರು ಹಾಕಿಸುವುದಕ್ಕೆ ನಮ್ಮ ಆಕ್ಷೇಪವಿಲ್ಲ. ಕೊಟ್ಟವರ ಹೆಸರಿನ ಪಕ್ಕದಲ್ಲಿ ಕೊಟ್ಟ ಮೊತ್ತವನ್ನೂ ಕೆತ್ತಿಸುವುದು ಮಾತ್ರ ಬೇಡ.