ಪ್ರ: ಹೆಂಚು ತಾನಾಗೇ ಬಿದ್ದದ್ದು ಎಂದು ಗೊತ್ತಿದ್ದೂ ಮೆಸ್ಸಾಲ ಗೆಳೆಯನಿಗೆ ಶಿಕ್ಷೆ ಕೊಟ್ಟದ್ದೇಕೆ?

ನೀವು ಕೇಳಿದ್ದು 1959ರ 'ಬೆನ್-ಹರ್' ಚಿತ್ರದ ಬಗ್ಗೆ. ಯೆಹೂದ್ಯ ಜೂಡಾ ಬೆನ್-ಹರ್‌ನ ಮನೆಯ ಮಾಳಿಗೆಯಿಂದ ಹೆಂಚು ಜಾರಿ ಬಿದ್ದು ರೋಮನ್ ರಾಜ್ಯಪಾಲ ಗ್ರಾಟಸ್‌ಗೆ ಪೆಟ್ಟಾಗುತ್ತದೆ; ರೋಮನ್ ಅಧಿಕಾರಿ ಮೆಸ್ಸಾಲ ತನ್ನ ಬಾಲ್ಯದ ಗೆಳೆಯ ಜೂಡಾನನ್ನೇ ಅದಕ್ಕೆ ಶಿಕ್ಷಿಸುತ್ತಾನೆ. ಇದು ಚಿತ್ರಕಥೆಯ ಲೋಪವಲ್ಲ, ದ್ರೋಹದ ತಿರುಳೇ ಇದು. ಮೆಸ್ಸಾಲ ಮಾಳಿಗೆಗೆ ಹೋಗಿ ಕೈಯಿಟ್ಟಾಗ ಹೆಂಚು ಸಡಿಲವಾಗಿ ಜಾರುತ್ತದೆ. ಒಂದು ಮಾತಿಲ್ಲ, ಮುಖ ಮಾತ್ರ. ಜೂಡಾ ನಿರಪರಾಧಿ ಎಂದು ಅವನಿಗೆ ಅಲ್ಲೇ ಖಾತ್ರಿಯಾಗುತ್ತದೆ.

ಕಾರಣ ಹಿಂದಿನ ಜಗಳದಲ್ಲಿದೆ. ರೋಮಿನ ವಿರುದ್ಧ ಮಾತಾಡುವ ಯೆಹೂದ್ಯರ ಹೆಸರು ಕೊಡು ಎಂದು ಅವನು ಕೇಳಿದ್ದ, ಜೂಡಾ ಒಪ್ಪಲಿಲ್ಲ. ಜೆರುಸಲೇಮಿಗೆ ಹೊಸದಾಗಿ ಬಂದ ಅಧಿಕಾರಿಗೆ ಜನರ ಹೆದರಿಕೆ ಬೇಕು. ಹಳೆಯ ಗೆಳೆಯನನ್ನೇ ಬಿಡದವನು ಇನ್ಯಾರನ್ನು ಬಿಟ್ಟಾನು ಎಂಬ ಭಯ ಹುಟ್ಟಿಸುವುದೇ ಲೆಕ್ಕ. ಇದನ್ನು ಅವನು ಜೂಡಾನ ಎದುರಿಗೇ ಹೇಳುತ್ತಾನೆ.

ಇನ್ನೊಮ್ಮೆ ನೋಡುವಾಗ ಈಟಿಗಳನ್ನು ಗಮನಿಸಿ. ಮೊದಲ ಭೇಟಿಯಲ್ಲಿ ಇಬ್ಬರೂ ಎಸೆದ ಈಟಿಗಳು ತೊಲೆಗಳು ಕೂಡುವ ಒಂದೇ ಜಾಗದಲ್ಲಿ ನಾಟುತ್ತವೆ. ಸೆರೆಯಿಂದ ತಪ್ಪಿಸಿಕೊಂಡ ಜೂಡಾ ಅದೇ ಆಯುಧವನ್ನು ಗೆಳೆಯನ ಎದೆಗೆ ಗುರಿಯಿಡುತ್ತಾನೆ. ತಾಯಿ, ತಂಗಿಯ ಜೀವದ ಬೆದರಿಕೆ ಬಂದ ಮೇಲೆ ಅದು ಗೋಡೆಗೆ ನಾಟುತ್ತದೆ. ಇಡೀ ಚಿತ್ರದಲ್ಲಿ ರಥಸ್ಪರ್ಧೆಗಿಂತಲೂ ನನಗೆ ದೊಡ್ಡದಾಗಿ ಕಾಣುವುದು ಇದೇ.

ಲ್ಯೂ ವಾಲೇಸರ 1880ರ ಕಾದಂಬರಿಯಲ್ಲಿ ಆಸ್ತಿಯ ಆಸೆಯೂ ಇದೆ: ಹರ್ ಮನೆತನದ ಸಂಪತ್ತನ್ನು ಗ್ರಾಟಸ್, ಮೆಸ್ಸಾಲ ಹಂಚಿಕೊಳ್ಳುತ್ತಾರೆ. ಚಿತ್ರಕ್ಕೆ ಆ ಹಣದ ನೆಪ ಬೇಕಾಗಿಲ್ಲ, ಹಾಗಾಗಿಯೇ ನೋವು ಹೆಚ್ಚು.