ನೀವು ಕೇಳಿದಿರಿ: ಸರ್ವೆಯವರ ಸರಪಳಿ, ಹದಿನಾರಾಣೆ ಲೆಕ್ಕ

ಪ್ರಶ್ನೆ: ತಾತನ ಕಾಲದ ಜಮೀನಿನ ಟಿಪ್ಪಣಿಯ (ಸರ್ವೆಯವರು ಹೊಲದ ಅಳತೆ ಬರೆದಿಟ್ಟ ನಕ್ಷೆಯ) ನಕಲು ತೆಗೆಸಿದೆವು. ಗೆರೆಗಳ ಪಕ್ಕದಲ್ಲಿ 3-8, 10-0 ಎಂದೆಲ್ಲ ಬರೆದಿದೆ. ಇದು ಅಡಿಯೋ, ಗಜವೋ? (ತಿಪಟೂರಿನ ಓದುಗರು)

ಉತ್ತರ: ಎರಡೂ ಅಲ್ಲ. ಮೊದಲ ಅಂಕಿ ಸರಪಳಿ, ಎರಡನೆಯದು ಆಣೆ. ಮೈಸೂರು ಸಂಸ್ಥಾನದಲ್ಲಿ 1863ರಲ್ಲಿ ಬೊಂಬಾಯಿ ಪದ್ಧತಿಯ ರೆವಿನ್ಯೂ ಸರ್ವೆ (ಕಂದಾಯ ಕಟ್ಟಲು ಹೊಲ ಹೊಲವನ್ನೂ ಅಳೆಯುವ ಕೆಲಸ) ಶುರುವಾದಾಗ ಬಂದ ಲೆಕ್ಕವಿದು. ಸರಪಳಿಯ ಉದ್ದ 33 ಅಡಿ. ಅದರ ಹದಿನಾರನೇ ಒಂದು ಪಾಲು ಒಂದು ಆಣೆ, ಅಂದರೆ 2 ಅಡಿ ಮುಕ್ಕಾಲು ಅಂಗುಲ. ನಿಮ್ಮ 3-8 ಎಂದರೆ ಮೂರೂವರೆ ಸರಪಳಿ, 115 ಅಡಿ 6 ಅಂಗುಲ. ಅದನ್ನು 3.8 ಎಂದು ಓದಿ 33ರಿಂದ ಗುಣಿಸಿದರೆ 125 ಅಡಿ ಬರುತ್ತದೆ. ಹತ್ತಡಿಯ ಈ ತಪ್ಪಿಗೆ ಅಕ್ಕಪಕ್ಕದ ಹೊಲದವರು ಜಗಳಕ್ಕೆ ಬೀಳುವುದುಂಟು.

33 ಅಡಿಯೇ ಏಕೆ? ಒಂದು ಸರಪಳಿ ಚದರವೇ ಒಂದು ಗುಂಟೆ: 1,089 ಚದರಡಿ. ನಲವತ್ತು ಗುಂಟೆಗೆ ಒಂದು ಎಕರೆ. ಉದ್ದಗಲ ಸರಪಳಿಯಲ್ಲಿದ್ದರೆ ಗುಣಿಸಿದ ಕೂಡಲೇ ಗುಂಟೆ ಕೈಗೆ ಸಿಗುತ್ತದೆ. ಉಳಿದ ಚೂರು ಆಣೆಯಲ್ಲಿ: ಗುಂಟೆಗೂ ಹದಿನಾರಾಣೆ. ರೂಪಾಯಿಗೆ ಹದಿನಾರಾಣೆ ಎಣಿಸಿ ಪಳಗಿದ ಶಾನುಭೋಗರಿಗೆ ಇದು ನೀರು ಕುಡಿದಷ್ಟು ಸುಲಭ. ಅದಕ್ಕೆ ಮುಂಚೆ ಹಳ್ಳಿಯಲ್ಲಿ ಭೂಮಿಯನ್ನು ಅಳೆಯುತ್ತಿದ್ದದ್ದು ಬೀಜವರಿಯಿಂದ: ಎಷ್ಟು ಖಂಡುಗ, ಎಷ್ಟು ಕೊಳಗ ಬೀಜ ಹಿಡಿಯುತ್ತದೆ ಎಂದು. ಆ ಲೆಕ್ಕದಲ್ಲಿ ಗದ್ದೆಯ ಖಂಡುಗವೇ ಬೇರೆ, ಹೊಲದ ಖಂಡುಗವೇ ಬೇರೆ.

ಪ್ರಶ್ನೆ: ಅಂಕುಡೊಂಕು ಹೊಲವನ್ನು ಆಗ ಹೇಗೆ ಅಳೆಯುತ್ತಿದ್ದರು? ತಪ್ಪುತ್ತಿರಲಿಲ್ಲವೇ? (ಹಾವೇರಿಯ ಓದುಗರು)

ಉತ್ತರ: ಸಾಮಾನು ಬಹಳ ಕಡಿಮೆ. ಕಬ್ಬಿಣದ ಸರಪಳಿ, ಹತ್ತು ಕಡ್ಡಿ, ಬಾವುಟ ಕಟ್ಟಿದ ಗಳು, ಒಂದು ಕ್ರಾಸ್ ಸ್ಟಾಫ್. ಈ ಕೊನೆಯದು ಕೋಲಿನ ತುದಿಗೆ ಕೂರಿಸಿದ ಮರದ ತಲೆ. ಅದರಲ್ಲಿ ಒಂದಕ್ಕೊಂದು ಲಂಬವಾಗಿ ಎರಡು ಸೀಳು. ಒಂದು ಸೀಳಿನಲ್ಲಿ ಎದುರಿನ ಬಾವುಟ ಕಾಣುವಂತೆ ಕೋಲು ನೆಟ್ಟು, ಇನ್ನೊಂದರಲ್ಲಿ ಇಣುಕಿದರೆ ನೇರ 90 ಡಿಗ್ರಿಯ ದಿಕ್ಕು ಸಿಕ್ಕಿತು.

ಪಟೇಲ, ಶಾನುಭೋಗರ ಎದುರಿನಲ್ಲಿ ಹೊಲದ ಎಲ್ಲೆ ಸುತ್ತಿ, ತಿರುವಿರುವ ಕಡೆ ಬಾಂದುಕಲ್ಲು ನೆಡಿಸುತ್ತಿದ್ದರು. ಆಮೇಲೆ ಅತಿ ದೂರದ ಎರಡು ಮೂಲೆಗಳ ನಡುವೆ ಒಂದು ಆಧಾರಗೆರೆ. ಅದರ ಮೇಲೆ ಸರಪಳಿ ಎಳೆಯುತ್ತ ಹೋಗಿ, ಪಕ್ಕದ ಕಲ್ಲಿಗೆ ಸರಿಯಾಗಿ ಲಂಬ ಬೀಳುವ ಜಾಗವನ್ನು ಕ್ರಾಸ್ ಸ್ಟಾಫಿನಿಂದ ಹಿಡಿದು, ಅಲ್ಲಿಂದ ಕಲ್ಲಿನವರೆಗೆ ಅಡ್ಡಳತೆ. ಉದಾಹರಣೆಗೆ ಆಧಾರಗೆರೆ 10-0 ಇರಲಿ. 4-0ರಲ್ಲಿ ಬಲಕ್ಕೆ 3-0, 6-0ರಲ್ಲಿ ಎಡಕ್ಕೆ 2-8. ಬಲದ ತ್ರಿಕೋನ: ಹತ್ತು ಗುಣಿಸು ಮೂರು, ಅದರ ಅರ್ಧ, 15 ಗುಂಟೆ. ಎಡದ್ದು: ಹತ್ತು ಗುಣಿಸು ಎರಡೂವರೆ, ಅದರ ಅರ್ಧ, 12 ಗುಂಟೆ 8 ಆಣೆ. ಒಟ್ಟು 27 ಗುಂಟೆ 8 ಆಣೆ. ಅಷ್ಟೆ. ಟಿಪ್ಪಣಿಯಲ್ಲಿ ಕಾಣುವ ಗೆರೆಗಳೆಲ್ಲ ಈ ಆಧಾರಗೆರೆ ಮತ್ತು ಅಡ್ಡಳತೆಗಳೇ.

ತಪ್ಪುಗಳೂ ಈ ಸಾಮಾನಿನಿಂದಲೇ ಹುಟ್ಟುತ್ತಿದ್ದವು. ಮುಂದಿನ ಆಳು ಸರಪಳಿ ಮುಗಿದಲ್ಲೆಲ್ಲ ಕಡ್ಡಿ ಚುಚ್ಚಬೇಕು, ಹಿಂದಿನವನು ಕಿತ್ತುಕೊಂಡು ಬರಬೇಕು. ಹಿಂದಿನವನ ಕೈಯಲ್ಲಿ ಎಷ್ಟು ಕಡ್ಡಿಯೋ ಅಷ್ಟು ಸರಪಳಿ. ಒಂದು ಕಡ್ಡಿ ಹುಲ್ಲಿನಲ್ಲಿ ಬಿದ್ದುಹೋದರೆ 33 ಅಡಿಯೇ ಮಾಯ. ದಿನವಿಡೀ ಎಳೆದ ಸರಪಳಿಯ ಬಳೆಗಳು ಬಾಯಿ ಬಿಡುತ್ತವೆ, ಸವೆಯುತ್ತವೆ. ನಾಲ್ಕು ಅಂಗುಲ ಹಿಗ್ಗಿದರೆ ಉದ್ದದಲ್ಲಿ ನೂರಕ್ಕೆ ಒಂದು, ವಿಸ್ತೀರ್ಣದಲ್ಲಿ ನೂರಕ್ಕೆ ಎರಡು ತಪ್ಪು: ಪೂರಾ ಒಂದು ಎಕರೆ ಹೊಲ ಸುಮಾರು 39 ಗುಂಟೆ 3 ಆಣೆ ಎಂದು ಬರೆದುಹೋಗುತ್ತದೆ. ಕಂದಾಯ ಕಟ್ಟುವಾಗ ರೈತನಿಗೆ ಇದು ಲಾಭವೇ. ಕೊಂಡಿ ಬಗ್ಗಿ, ಸಂದಿಗೆ ಮಣ್ಣು ಕಚ್ಚಿ ಸರಪಳಿ ಗಿಡ್ಡವಾದರೆ ಫಲ ತಿರುಗುಮುರುಗು.

ಇಳಿಜಾರು ಇನ್ನೊಂದು ಪೀಡೆ. ದಾಖಲೆಗೆ ಬೇಕಾದ್ದು ಮಟ್ಟಸದ ಉದ್ದ. 10 ಡಿಗ್ರಿ ಇಳಿಜಾರಿನಲ್ಲಿ ಸರಪಳಿಯನ್ನು ನೆಲಕ್ಕೆ ಅಂಟಿಸಿ ಎಳೆದರೆ ಪ್ರತಿ ಸರಪಳಿಗೆ ಆರು ಅಂಗುಲ ಹೆಚ್ಚು ಸೇರುತ್ತದೆ. ಸರಪಳಿಯ ತುಂಡುಭಾಗವನ್ನಷ್ಟೇ ಮಟ್ಟಸವಾಗಿ ಎತ್ತಿ ಹಿಡಿದು, ತೂಗುಗುಂಡು ಬಿಟ್ಟು, ಮೆಟ್ಟಿಲು ಮೆಟ್ಟಿಲಾಗಿ ಇಳಿಯಬೇಕಿತ್ತು. ಸಂಜೆ ಹೊತ್ತಿಗೆ ಯಾರಿಗೆ ಅಷ್ಟು ತಾಳ್ಮೆ! ಅಡ್ಡಳತೆ ಉದ್ದವಾದರೂ ಕಷ್ಟ: ಐದು ಸರಪಳಿ ದೂರದ ಕಲ್ಲಿಗೆ ಲಂಬ ಒಂದೇ ಡಿಗ್ರಿ ಓರೆಯಾದರೆ ಜಾಗ ಸುಮಾರು ಮೂರಡಿ ಸರಿಯುತ್ತದೆ.

ಪ್ರಶ್ನೆ: ಮಂಗಳೂರಿನ ಕಡೆ ಎಕರೆ-ಸೆಂಟ್ಸ್, ಮೈಸೂರಿನ ಕಡೆ ಎಕರೆ-ಗುಂಟೆ. ಏಕೆ? (ಪುತ್ತೂರಿನ ಓದುಗರು)

ಉತ್ತರ: ದಕ್ಷಿಣ ಕನ್ನಡ, ಬಳ್ಳಾರಿಗಳು ಮದರಾಸು ಪ್ರಾಂತ್ಯದಲ್ಲಿದ್ದವು. ಅಲ್ಲಿ 66 ಅಡಿಯ, ನೂರು ಕೊಂಡಿಯ ಗುಂಟರ್ ಸರಪಳಿ. ಎಕರೆಯ ನೂರನೇ ಒಂದು ಪಾಲು ಸೆಂಟ್, 435.6 ಚದರಡಿ. ಎರಡೂವರೆ ಸೆಂಟ್‌ಗೆ ಒಂದು ಗುಂಟೆ.

ಪ್ರಶ್ನೆ: ನಮ್ಮ ಸರ್ವೆ ನಂಬರುಗಳನ್ನು ಕೊಟ್ಟವರು ಲ್ಯಾಂಬ್ಟನ್ ಸಾಹೇಬರೇ? (ಬೆಂಗಳೂರಿನ ಓದುಗರು)

ಉತ್ತರ: ಅಲ್ಲ. ವಿಲಿಯಂ ಲ್ಯಾಂಬ್ಟನ್ 1802ರಲ್ಲಿ ಮದರಾಸಿನ ಸೇಂಟ್ ಥಾಮಸ್ ಮೌಂಟ್ ಬಳಿ ಆಧಾರರೇಖೆ ಅಳೆದು, ಕೋನ ಅಳೆಯುವ ಅರ್ಧ ಟನ್ ತೂಕದ ಥಿಯೋಡಲೈಟ್ ಹೊತ್ತು ಬೆಟ್ಟದಿಂದ ಬೆಟ್ಟಕ್ಕೆ ತ್ರಿಕೋನ ಹೆಣೆದವರು. 1799ರಲ್ಲಿ ಟಿಪ್ಪು ಮಡಿದ ಮೇಲೆ ಮೈಸೂರು ಸೀಮೆಯ ನಕ್ಷೆ ಬರೆದವರು ಕಾಲಿನ್ ಮೆಕೆಂಜಿ. ಅವರಿಗೆ ಬೇಕಿದ್ದದ್ದು ಊರು, ಕೆರೆ, ದಾರಿ, ಕೋಟೆ. ಯಾರ ಹೊಲ ಎಷ್ಟು ಗುಂಟೆ ಎಂಬುದು ಇಬ್ಬರ ಕೆಲಸವೂ ಆಗಿರಲಿಲ್ಲ. ಸರ್ವೆ ನಂಬರ್ ರೆವಿನ್ಯೂ ಸರ್ವೆಯ ಕೂಸು. ಬೊಂಬಾಯಿ ಪದ್ಧತಿಯಲ್ಲಿ ಒಂದು ಜೊತೆ ಎತ್ತು ಉಳಬಹುದಾದಷ್ಟು ಭೂಮಿಗೆ ಒಂದು ನಂಬರ್ ಎಂಬುದು ಅಂದಾಜು. ಸಣ್ಣ ಹೊಲಗಳನ್ನು ಒಟ್ಟುಗೂಡಿಸಿ ಒಂದೇ ನಂಬರಿಗೆ ಹಾಕಿದ್ದೂ ಉಂಟು. ಹಿಸ್ಸಾ (ಒಂದೇ ನಂಬರಿನೊಳಗಿನ ಪಾಲು), ಪೋಡಿಯ (ಆ ಪಾಲನ್ನು ಅಳೆದು ಬೇರೆ ಮಾಡುವುದರ) ಇಂದಿನ ತಲೆನೋವಿಗೆ ಅದೂ ಒಂದು ಮೂಲ.

ಪ್ರಶ್ನೆ: ಅಕ್ಕಪಕ್ಕದ ಹೊಲಗಳಿಗೆ ಬೇರೆ ಬೇರೆ ಕಂದಾಯ ಹೇಗೆ ಬಂತು? (ಗದಗಿನ ಓದುಗರು)

ಉತ್ತರ: ಅಳೆದವರ ಹಿಂದೆಯೇ ಮಣ್ಣಿನ ತರಗತಿ ಕಟ್ಟುವ ಕ್ಲಾಸರ್ ಬರುತ್ತಿದ್ದರು. ಹೊಲವನ್ನು ನಕ್ಷೆಯಲ್ಲಿ ಚೌಕಮನೆಗಳಾಗಿ ಭಾಗಿಸಿ, ಅಲ್ಲಲ್ಲಿ ನೆಲ ಅಗೆದು ಬಣ್ಣ, ಆಳ ನೋಡುವುದು. ಒಂಬತ್ತು ತರಗತಿ, ಮೊದಲನೆಯದು ಹದಿನಾರಾಣೆ, ಕೊನೆಯದು ಎರಡಾಣೆ. ಒಂದೂಮುಕ್ಕಾಲು ಮೊಳ ಆಳದ ಎರೆ ಮೇಲಿನ ತರಗತಿ. ಸುಣ್ಣದ ಕಲ್ಲು, ಮರಳು, ಇಳಿಜಾರು ಇತ್ಯಾದಿ ದೋಷ ಕಂಡರೆ ಒಂದೊಂದಕ್ಕೂ ಒಂದು ತರಗತಿ ಕೆಳಕ್ಕೆ. ಉಳಲು ಬಾರದ ಬಂಡೆನೆಲ ಅ-ಖರಾಬು. ದಾರಿ, ಹಳ್ಳ, ಸ್ಮಶಾನದಂಥ ಸಾರ್ವಜನಿಕ ನೆಲ ಬ-ಖರಾಬು. ಎರಡಕ್ಕೂ ಆಕಾರ, ಅಂದರೆ ಕಂದಾಯ, ಇಲ್ಲ.

ಪ್ರಶ್ನೆ: ಒಂದು ಬಾಂದುಕಲ್ಲು ಕಾಣೆಯಾಗಿದೆ. ಟಿಪ್ಪಣಿ ನೋಡಿ ಜಾಗ ಹುಡುಕಬಹುದೇ? (ಹಾಸನದ ಓದುಗರು)

ಉತ್ತರ: ಅಂದಾಜು ಸಿಗುತ್ತದೆ. ಮೊದಲು ಉಳಿದ ಹಳೆಯ ಕಲ್ಲುಗಳ ನಡುವಿನ ದೂರವನ್ನು ಟೇಪಿನಿಂದ ಅಳೆದು ಟಿಪ್ಪಣಿಯೊಂದಿಗೆ ಹೋಲಿಸಿ. ಮೇಲಿನ ಉದಾಹರಣೆಯ ಹೊಲವನ್ನೇ ತೆಗೆದುಕೊಳ್ಳಿ: 10-0 ಎಂದರೆ 330 ಅಡಿ ಇರಬೇಕು, ಟೇಪು 333 ತೋರಿಸುತ್ತದೆ. ಬೇರೆ ಕಲ್ಲುಗಳ ನಡುವೆಯೂ ಇದೇ ಪ್ರಮಾಣದ ಹೆಚ್ಚಳ ಕಂಡರೆ ಆಗಿನ ಸರಪಳಿ ಹಿಗ್ಗಿತ್ತು ಎಂದರ್ಥ. ಯಾರೂ ಒತ್ತುವರಿ ಮಾಡಿಲ್ಲ. ಕಾಣೆಯಾದ ಬಲದ ಕಲ್ಲಿಗೂ ಅದೇ ಪ್ರಮಾಣ ಸೇರಿಸಿ: ಆಧಾರಗೆರೆಯಲ್ಲಿ 132ರ ಬದಲು 133 ಅಡಿ 2 ಅಂಗುಲ, ಅಲ್ಲಿಂದ ಲಂಬವಾಗಿ 99ರ ಬದಲು 99 ಅಡಿ 11 ಅಂಗುಲ. ಒಂದೇ ಕಡೆ ವ್ಯತ್ಯಾಸ ಕಂಡರೆ ಮಾತ್ರ ಕಲ್ಲು ಸರಿದಿರುವ ಅನುಮಾನ ಪಡಬೇಕು. ಸಿಕ್ಕ ಜಾಗದಲ್ಲಿ ನೀವೇ ಹೊಸ ಕಲ್ಲು ನೆಡಬೇಡಿ. ತಾಲ್ಲೂಕು ಸರ್ವೆ ಕಚೇರಿಯಲ್ಲಿ ಹದ್ದುಬಸ್ತಿಗೆ (ಎಲ್ಲೆ ಅಳೆದು ಗುರುತಿಸಿಕೊಡುವುದಕ್ಕೆ) ಅರ್ಜಿ ಕೊಡಿ. ಅಳೆಯಲು ಬಂದವರಿಗೆ ಆ ಜಾಗ ತೋರಿಸಿ, ಅವರ ಎದುರಿಗೇ ಒಂದಡಿ ಅಗೆಸಿ ನೋಡಿ. ಮಣ್ಣು ಮುಚ್ಚಿಕೊಂಡು ಹಳೆಯ ಕಲ್ಲು ಅಲ್ಲೇ ಇರುವುದುಂಟು.